40 ಲಕ್ಷ ಸಾಲ, 30 ವರ್ಷ, ಕಂತು 28,656: ಹಾಗಾದರೆ ಮನೆ ನಿಜವಾಗಿ ಎಷ್ಟಕ್ಕೆ ಬಿತ್ತು?

ಕೊಟ್ಟಾರದ ಬಾಡಿಗೆದಾರ:

ಎಲ್ಲರಿಗೂ ನಮಸ್ಕಾರ. ಹಣದ ಲೆಕ್ಕದಲ್ಲಿ ನಾನು ಸ್ವಲ್ಪ ಹಿಂದೆ, ಮೊದಲೇ ಹೇಳಿಬಿಡುತ್ತೇನೆ.

ಮಂಗಳೂರಿನ ಕೊಟ್ಟಾರ ಚೌಕಿ ಹತ್ತಿರ ಬಾಡಿಗೆ ಮನೆಯಲ್ಲಿದ್ದೇವೆ. ಬಾಡಿಗೆ 14,000. ನನಗೆ 31, ಹೆಂಡತಿಗೆ 29. ಅವಳು ಆಸ್ಪತ್ರೆಯಲ್ಲಿ ನರ್ಸ್. ಇಬ್ಬರದ್ದೂ ಸೇರಿ ಕೈಗೆ 96,000 ಬರುತ್ತದೆ. ಕಾವೂರಿನಲ್ಲಿ ಒಂದು ಫ್ಲ್ಯಾಟ್ ನೋಡಿದ್ದೇವೆ. ಕಟ್ಟಿ ಮುಗಿದಿದೆ, ಕಂಪ್ಲೀಷನ್ ಸರ್ಟಿಫಿಕೇಟ್ ಬಂದಿದೆ. 55 ಲಕ್ಷ. ನಮ್ಮ ಹತ್ತಿರ ಎಲ್ಲ ಗುಡಿಸಿದರೆ 16 ಲಕ್ಷ ಉಂಟು, ಅದರಲ್ಲಿ ಹೆಂಡತಿಯ ಎರಡು ಬಳೆಯೂ ಸೇರಿದೆ. 15 ಲಕ್ಷ ನಮ್ಮದು, 40 ಲಕ್ಷ ಸಾಲ ಅಂತ ಲೆಕ್ಕ.

ಶನಿವಾರ ಬ್ಯಾಂಕಿಗೆ ಹೋಗಿದ್ದೆ. ಬಡ್ಡಿ 7.75. ರೆಪೊ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ, 5.25, ಅದರ ಮೇಲೆ ಬ್ಯಾಂಕಿನ 2.5 ಅಂದರು. 20 ವರ್ಷಕ್ಕೆ ಕಂತು 32,838, 30 ವರ್ಷಕ್ಕೆ 28,656. ಅಧಿಕಾರಿ ಒಂದು ಚೀಟಿಯಲ್ಲಿ ಎರಡನ್ನೂ ಬರೆದು, ಎರಡನೆಯದಕ್ಕೆ ಸುತ್ತ ಗೆರೆ ಎಳೆದರು. 'ನಿಮ್ಮ ವಯಸ್ಸಿಗೆ ಇದೇ ಆರಾಮ' ಅಂದರು. ಬಾಡಿಗೆಯ ಎರಡು ಪಟ್ಟು ಅಷ್ಟೇ, ಹೇಗೂ ಸಾಗುತ್ತದೆ ಅಂತ ನನಗೂ ಖುಷಿಯಾಯಿತು.

ಆಮೇಲೆ ಬಸ್‌ಸ್ಟಾಪಿನಲ್ಲಿ ನಿಂತು ಸುಮ್ನೆ ಫೋನಿನಲ್ಲಿ 28,656ನ್ನು 360ರಿಂದ ಗುಣಿಸಿದೆ. 1,03,16,160 ಬಂತು. ಎಲ್ಲೋ ತಪ್ಪು ಒತ್ತಿದೆ ಅಂದುಕೊಂಡು ಮತ್ತೆ ಮಾಡಿದೆ. ಅದೇ ಬಂತು. ಬಸ್ಸು ಬಂತು, ಹತ್ತಲಿಲ್ಲ.

40 ಲಕ್ಷ ತೆಗೆದುಕೊಂಡು ಒಂದು ಕೋಟಿ ಮೂರು ಲಕ್ಷ ಕಟ್ಟುವುದಾ? ಇದು ಎಲ್ಲರಿಗೂ ಹೀಗೇನಾ? ಮಾವ ಹೇಳುತ್ತಾರೆ, ಬಾಡಿಗೆ ಕಟ್ಟುವುದು ನೀರಿಗೆ ಹಾಕಿದ ಹಾಗೆ, ಕಣ್ಣು ಮುಚ್ಚಿ ತೆಗೊ, ತೆರಿಗೆಯಲ್ಲೂ ಉಳಿಯುತ್ತದೆ ಅಂತ. ಅಪ್ಪ ಏನೂ ಹೇಳುವುದಿಲ್ಲ. ಅವರು ಜೀವನದಲ್ಲಿ ಸೊಸೈಟಿಯ ಸಾಲ ಬಿಟ್ಟು ಬೇರೆ ಮಾಡಿದವರಲ್ಲ. 20 ವರ್ಷವಾ, 30 ವರ್ಷವಾ? ಕಂತು ಬಿಟ್ಟು ಮತ್ತೆ ಎಂತೆಲ್ಲ ಖರ್ಚು ಉಂಟು? ಕಟ್ಟಿದವರು ಹೇಳಿ.


ಸುರತ್ಕಲ್ ಲೋಕಲ್:

ಗುಣಾಕಾರ ಸರಿ ಉಂಟು, ಹೆದರಿಕೆ ಮಾತ್ರ ಜಾಸ್ತಿ ಆಯಿತು. 2050ರಲ್ಲಿ ಕಟ್ಟುವ 28,656 ಇವತ್ತಿನ 28,656 ಅಲ್ಲ ಮಾರಾಯ್ರೇ. ನಮ್ಮಪ್ಪ 1998ರಲ್ಲಿ ಮನೆ ಸಾಲ ಮಾಡಿದ್ದರು. ಕಂತು 4,200. ಅಮ್ಮ ಹೇಳುವ ಪ್ರಕಾರ ಆಗ ತಿಂಗಳ ಕೊನೆಗೆ ಮನೆಯಲ್ಲಿ ಮೀನಿಲ್ಲ, ಬರೀ ಗಂಜಿ, ಉಪ್ಪಿನಕಾಯಿ. ಕೊನೆಯ ವರ್ಷಗಳಲ್ಲಿ ಆ 4,200 ನನ್ನ ಬೈಕಿನ ಪೆಟ್ರೋಲಿಗೂ ಸಾಲದಷ್ಟು ಸಣ್ಣದಾಗಿತ್ತು. ಸಂಬಳ ಏರುತ್ತದೆ, ಕಂತು ಅಲ್ಲೇ ನಿಲ್ಲುತ್ತದೆ. ಧೈರ್ಯವಾಗಿ 30 ವರ್ಷಕ್ಕೆ ತೆಗೊಳ್ಳಿ.


ಸಂತೆಕಟ್ಟೆ ಮೆಡಿಕಲ್ ಅಕ್ಕ:

'ಕಂತು ಅಲ್ಲೇ ನಿಲ್ಲುತ್ತದೆ' ಅಂದಿರಲ್ಲ, ಅದೇ ಮಾತು ನಂಬಿ ನಾನು ಪೆಟ್ಟು ತಿಂದದ್ದು. ಹಾಗಾಗಿ ಸ್ವಲ್ಪ ಉದ್ದ ಬರೆಯುತ್ತೇನೆ. ಮಧ್ಯಾಹ್ನ ಅಂಗಡಿಗೆ ಜನ ಕಡಿಮೆ.

ನಾನು ಬ್ಯಾಂಕಿನವಳಲ್ಲ. ಉಡುಪಿ ಸಂತೆಕಟ್ಟೆಯಲ್ಲಿ ಮೆಡಿಕಲ್ ಶಾಪ್ ನಡೆಸುವವಳು. 2020ರ ಕೊನೆಗೆ ಉಪ್ಪೂರಿನಲ್ಲಿ ಮನೆ ತೆಗೊಂಡೆವು. ಎಂಟು ಸೆಂಟ್ಸ್ ಜಾಗ, ಕೆಂಪು ಕಲ್ಲಿನ ಹಳೇ ಮನೆ, ಬಾವಿ ಉಂಟು. ಮಾರಿದವರು ದುಬೈಯಲ್ಲಿದ್ದರು, ಇಲ್ಲಿಗೆ ಬರುವ ಆಲೋಚನೆ ಬಿಟ್ಟಿದ್ದರು. ಸಾಲ 30 ಲಕ್ಷ, 20 ವರ್ಷ. ಆಗ ರೆಪೊ ದರ 4 ಇತ್ತು. ಅದರ ಮೇಲೆ ಬ್ಯಾಂಕಿನದ್ದು 2.9. ಒಟ್ಟು 6.9. ಕಂತು 23,079, 2021ರ ಜನವರಿಯಿಂದ ಶುರು. ಮೊದಲ ಕಂತಿನಲ್ಲಿ 17,250 ಬಡ್ಡಿಗೆ, 5,829 ಅಸಲಿಗೆ. ಇರಲಿ, ಶುರುವಿನಲ್ಲಿ ಎಲ್ಲರಿಗೂ ಹಾಗೇ ಅಂದರು. ಅದು ಸುಳ್ಳಲ್ಲ. ಪ್ರತಿ ತಿಂಗಳು ಬಾಕಿಯ ಮೇಲೆ ಬಡ್ಡಿ ಲೆಕ್ಕ ಆಗುತ್ತದೆ. ಬಡ್ಡಿಗೆ ಮೊದಲ ಪಂಕ್ತಿ. ಅಸಲು ಎರಡನೇ ಪಂಕ್ತಿಗೆ ಕಾಯಬೇಕು, ಪಾತ್ರೆಯಲ್ಲಿ ಉಳಿದದ್ದು ಅದಕ್ಕೆ.

2022ರ ಮೇ ತಿಂಗಳಿನಿಂದ ರಿಸರ್ವ್ ಬ್ಯಾಂಕ್ ರೆಪೊ ಏರಿಸುತ್ತಾ ಹೋಯಿತು. 2023ರ ಫೆಬ್ರವರಿಗೆ 4 ಇದ್ದದ್ದು 6.5 ಆಗಿತ್ತು. ನನಗೆ ಮಧ್ಯೆ ಮಧ್ಯೆ ಮೆಸೇಜ್ ಬರುತ್ತಿತ್ತು, ನಿಮ್ಮ ಬಡ್ಡಿ ದರ ಬದಲಾಗಿದೆ ಅಂತ. ಖಾತೆ ನೋಡಿದರೆ ಅದೇ 23,079 ಕಟ್ ಆಗುತ್ತಿತ್ತು. ಕಂತು ಅಷ್ಟೇ ಉಂಟಲ್ಲ, ನಮಗೆಂತ ಅಂತ ಸುಮ್ಮನಿದ್ದೆ. ಔಷಧದ ಎಕ್ಸ್‌ಪೈರಿ ದಿನಾಂಕ ಎರಡೆರಡು ಸಲ ನೋಡುವವಳು ನಾನು. ಇದನ್ನು ಮಾತ್ರ ನೋಡಲಿಲ್ಲ.

2023ರ ಏಪ್ರಿಲ್‌ನಲ್ಲಿ ಗಂಡನ ತೆರಿಗೆಗೆ ಕಾಗದ ಬೇಕಾಯಿತು. ಸಾಲದ ಸ್ಟೇಟ್‌ಮೆಂಟ್ ಪ್ರಿಂಟ್ ತೆಗೆಸಿದೆ. ಸಂಜೆ ಕರೆಂಟ್ ಹೋಗಿತ್ತು. ಎಮರ್ಜೆನ್ಸಿ ಲೈಟಿನ ಬೆಳಕಿನಲ್ಲಿ ಕೌಂಟರ್ ಮೇಲೆ ಹರಡಿ, ಸ್ಕೇಲ್ ಇಟ್ಟು ಒಂದೊಂದೇ ಸಾಲು ಓದಿದೆ. ಕೊನೆಯ ಸಾಲು: ಕಂತು 23,079. ಬಡ್ಡಿ 22,460. ಅಸಲು 619.

619 ರೂಪಾಯಿ! ನನ್ನ ಹಿಂದಿನ ಶೆಲ್ಫಿನಲ್ಲಿದ್ದ ಮಗುವಿನ ಹಾಲಿನ ಪುಡಿಯ ಡಬ್ಬಕ್ಕೆ ಅದಕ್ಕಿಂತ ಜಾಸ್ತಿ ರೇಟು. ಅಲ್ಲಿಯವರೆಗೆ 28 ಕಂತು, ಅಂದರೆ 6.46 ಲಕ್ಷ ಕಟ್ಟಿದ್ದೆವು. ಅಸಲು ಇಳಿದದ್ದು 1.33 ಲಕ್ಷ.

ಅಣ್ಣನ ಮಗ ಇಂಜಿನಿಯರಿಂಗ್ ಓದುತ್ತಿದ್ದ. ಅವನು ಎಕ್ಸೆಲ್‌ನಲ್ಲಿ ಹಾಕಿ ನೋಡಿದ. ಇದೇ ದರ, ಇದೇ ಕಂತು ಹೋದರೆ ಇನ್ನೆಷ್ಟು ತಿಂಗಳು? 464. ಹೆಚ್ಚು ಕಡಿಮೆ 38 ವರ್ಷ ಎಂಟು ತಿಂಗಳು. ನನಗೆ ಆಗ 41. ನಾನು 80ರ ಮುದುಕಿಯಾಗಿ ಕಂತು ಕಟ್ಟುತ್ತಿರಬೇಕು. ಮಗಳಿಗೆ ಆಗ 50 ಆಗಿರುತ್ತದೆ. ಉಳಿದದ್ದು ಹದಿನೇಳು ಮುಕ್ಕಾಲು ವರ್ಷ ಅಂತ ನಾವು ಅಂದುಕೊಂಡಿದ್ದೆವು. ಯಾರೂ ಕೈ ಹಿಡಿದು ಏನೂ ಕಸಿಯಲಿಲ್ಲ. ಸುಮ್ಮನೆ ತಿಂಗಳುಗಳು ಸೇರಿಕೊಂಡವು.

ಮರುದಿನ ಬ್ಯಾಂಕಿಗೆ ಹೋದೆ. ಕೌಂಟರಿನ ಹುಡುಗ ಪಾಪ, ತುಂಬ ಮರ್ಯಾದೆಯಿಂದಲೇ ಹೇಳಿದ: 'ಮೇಡಂ, ನಿಮಗೆ ತೊಂದರೆ ಆಗಬಾರದು ಅಂತಲೇ ಕಂತು ಏರಿಸಿಲ್ಲ.' ಅಷ್ಟು ದೂರ ಹೋಗಲು ಅವರ ಕಂಪ್ಯೂಟರ್ ಬಿಡುವುದಿಲ್ಲವಂತೆ, ಒಂದು ವಯಸ್ಸಿನ ಮಿತಿ ಬಂದಾಗ ಅದೇ ಕಂತು ಏರಿಸುತ್ತದಂತೆ. ಯಾವಾಗ, ಎಷ್ಟು ಅಂತ ಕೇಳಿದೆ. ಅವನಿಗೆ ಗೊತ್ತಿರಲಿಲ್ಲ.

ಹಳೇ ದಿನಾಂಕಕ್ಕೇ ಸಾಲ ಮುಗಿಯಬೇಕಾದರೆ ಕಂತು 27,720 ಆಗಬೇಕಿತ್ತು. 28,000 ಮಾಡಿ ಅಂತ ಬರೆದುಕೊಟ್ಟೆ. ಮೇ ತಿಂಗಳಲ್ಲಿ ಗಂಡನ ಎಲ್‌ಐಸಿ ಪಾಲಿಸಿ ಮುಗಿದು 2 ಲಕ್ಷ ಬಂತು, ಹಾಗೇ ಅಸಲಿಗೆ ಹಾಕಿದೆವು. ಅರ್ಜಿಯಲ್ಲಿ 'ಅವಧಿ ಕಡಿಮೆ ಮಾಡಿ, ಕಂತು ಅಲ್ಲ' ಅಂತ ಬರೆದು, ಕೆಳಗೆ ಗೆರೆ ಎಳೆದು, ಸೀಲ್ ಹಾಕಿಸಿ ಒಂದು ಪ್ರತಿ ಇಟ್ಟುಕೊಂಡೆ. ಇದು ಮುಖ್ಯ. ಬಾಯಲ್ಲಿ ಹೇಳಿದ್ದು ಕಂಪ್ಯೂಟರಿಗೆ ಕೇಳುವುದಿಲ್ಲ.

ಆಮೇಲೆ ಪಿಗ್ಮಿ. ದಿನಾ ಸಂಜೆ ಏಳಕ್ಕೆ ಪಿಗ್ಮಿಯವನು ಅಂಗಡಿಗೆ ಬರುತ್ತಾನೆ, 150 ರೂಪಾಯಿ ಕೊಡುತ್ತೇನೆ. ಗಲ್ಲಾಪೆಟ್ಟಿಗೆಯಿಂದ ಹೋದದ್ದು ಗೊತ್ತೇ ಆಗುವುದಿಲ್ಲ. ಭಾನುವಾರ, ರಜೆ ಕಳೆದು ವರ್ಷಕ್ಕೆ 45,000 ಆಗುತ್ತದೆ. ಮೇಲೆ ಐದು ಸೇರಿಸಿ 50,000 ಮಾಡಿ ಪ್ರತಿ ಮೇ ತಿಂಗಳು ಸಾಲಕ್ಕೆ. 2024ರಲ್ಲಿ ಹಾಕಿದೆ, 2025ರಲ್ಲಿ ಹಾಕಿದೆ.

2025ರಲ್ಲಿ ರೆಪೊ ಇಳಿದು ಡಿಸೆಂಬರ್‌ಗೆ 5.25 ಆಯಿತಲ್ಲ, ನನ್ನದು 8.15ಕ್ಕೆ ಬಂತು. ಕಂತು ಇಳಿಸಬೇಡಿ ಅಂದೆ. ಈಗ ಬಾಕಿ 23 ಲಕ್ಷಕ್ಕೆ ಸ್ವಲ್ಪ ಕಡಿಮೆ. 28,000ದಲ್ಲಿ ಬಡ್ಡಿಗೆ ಹದಿನೈದೂವರೆ ಸಾವಿರ, ಅಸಲಿಗೆ ಹನ್ನೆರಡೂವರೆ ಸಾವಿರ. ಪಿಗ್ಮಿ ಬಿಟ್ಟರೂ ಹತ್ತು ವರ್ಷದ ಒಳಗೆ ಮುಗಿಯುತ್ತದೆ. ಮೊದಲು ಬರೆದ ದಿನಾಂಕಕ್ಕಿಂತ ಐದು ವರ್ಷ ಬೇಗ.

ಈಗ ನಿಮ್ಮ ಚೀಟಿಗೆ ಬರುತ್ತೇನೆ. ಆ ಗೆರೆ ಎಳೆದ 28,656 ಉಂಟಲ್ಲ, ಅದರಲ್ಲಿ ಮೊದಲ ತಿಂಗಳ ಬಡ್ಡಿಯೇ 25,833. ಅಸಲಿಗೆ ಹೋಗುವುದು 2,823. ದರ 7.75 ಇದ್ದದ್ದು ಬರೀ 0.85 ಏರಿ 8.6 ಆಯಿತು ಅಂತ ಇಟ್ಟುಕೊಳ್ಳಿ. 40 ಲಕ್ಷಕ್ಕೆ ತಿಂಗಳ ಬಡ್ಡಿ 28,667. ನಿಮ್ಮ ಕಂತು ಬಡ್ಡಿಗೇ ಸಾಲದು! 20 ವರ್ಷದ ಕಂತಾದರೆ ಎರಡು ಪರ್ಸೆಂಟ್ ಏರಿದರೂ ಹೇಗೋ ಉಸಿರಾಡಿಕೊಂಡು ಇರುತ್ತದೆ. ನಮ್ಮ ಕಾಲದಲ್ಲಿ ಒಂಬತ್ತು ತಿಂಗಳಲ್ಲಿ ಎರಡೂವರೆ ಏರಿತ್ತು, ನೆನಪಿರಲಿ.

ಹಾಗಾಗಿ ಸುರತ್ಕಲ್‌ನವರೇ, ಸಂಬಳ ಏರುವುದು ಹೌದು, ರೂಪಾಯಿ ಸಣ್ಣದಾಗುವುದೂ ಹೌದು. ಆದರೆ ಬಡ್ಡಿ ಏರುವಾಗ ಕಂತು ನಿಂತಿದೆ ಅಂದರೆ ಅವಧಿ ಓಡುತ್ತಾ ಉಂಟು ಅಂತ ಅರ್ಥ.

ಒಂದು ನಿಮಿಷ. ನಿಮಗೆ ರೆಪೊ ಮೇಲೆ 2.5 ಅಂದರಾ? ನನಗೆ 2.9 ಉಂಟು!


ನಿವೃತ್ತ ಗುಮಾಸ್ತ, ಕುಂಜಿಬೆಟ್ಟು:

ಮೂವತ್ತನಾಲ್ಕು ವರ್ಷ ಬ್ಯಾಂಕಿನಲ್ಲಿ ಕೂತವನು ನಾನು. ಐದು ಬ್ಯಾಂಕು ಹುಟ್ಟಿದ ಊರು ನಮ್ಮದು. 1906ರಲ್ಲೇ ಎರಡು, ಮಂಗಳೂರಿನಲ್ಲಿ ಕೆನರಾ, ಉಡುಪಿಯಲ್ಲಿ ಕಾರ್ಪೊರೇಷನ್. ಆಮೇಲೆ ಕರ್ನಾಟಕ, ಸಿಂಡಿಕೇಟ್, ವಿಜಯ. ಮೂರರ ಹೆಸರು ಈಗ ಬೋರ್ಡಿನಲ್ಲಿಲ್ಲ, ಅದು ಬೇರೆ ಕಥೆ. ಅಕ್ಕ ಹೇಳಿದ ಪಿಗ್ಮಿಯೂ ಇಲ್ಲಿಯದೇ, 1928ರದ್ದು. ಇಷ್ಟೆಲ್ಲ ಇದ್ದೂ ನಮ್ಮವರು ಸಾಲದ ಪತ್ರ ಓದದೆ ಸಹಿ ಹಾಕುತ್ತಾರೆ. ನಾನೇ ಎಷ್ಟೋ ಜನರಿಗೆ 'ಇಲ್ಲಿ, ಇಲ್ಲಿ, ಮತ್ತೆ ಇಲ್ಲಿ' ಅಂತ ಬೆರಳು ತೋರಿಸಿ ಸಹಿ ಮಾಡಿಸಿದ್ದೇನೆ. ಒಬ್ಬರೂ ತಲೆ ಎತ್ತಿ ಕೇಳಲಿಲ್ಲ.

ಅಕ್ಕನಿಗೆ ಆದದ್ದು ತುಂಬ ಜನರಿಗೆ ಆಯಿತು. ಅದಕ್ಕೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ತಂತು. ದರ ಬದಲಾಗುವಾಗ ಕಂತು ಏರಿಸುವುದಾ, ಅವಧಿ ಉದ್ದ ಮಾಡುವುದಾ, ಎರಡೂ ಸ್ವಲ್ಪ ಸ್ವಲ್ಪವಾ ಅಂತ ಗ್ರಾಹಕರನ್ನು ಕೇಳಬೇಕು. ಪ್ರತಿ ಮೂರು ತಿಂಗಳಿಗೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಎಷ್ಟು ಕಂತು ಬಾಕಿ ಅಂತ ಇರಬೇಕು. ಕಂತು ಬಡ್ಡಿಗೂ ಸಾಕಾಗದ ಹಾಗೆ ಅವಧಿ ಎಳೆಯಬಾರದು ಅಂತಲೂ ಉಂಟು. ಆದರೆ ಅವರು ಕಳಿಸುವ ಮೆಸೇಜಿಗೆ ನೀವು ಉತ್ತರ ಕೊಡದಿದ್ದರೆ ಸಾಮಾನ್ಯವಾಗಿ ಉದ್ದ ಆಗುವುದು ಅವಧಿಯೇ.

ತಮ್ಮ, ನಿನ್ನ 30 ವರ್ಷದ ಸಾಲಕ್ಕೆ ಇನ್ನೊಂದು ಲೆಕ್ಕ ಹೇಳುತ್ತೇನೆ. ದರ ಕದಲಲೇ ಇಲ್ಲ ಅಂತ ಇಟ್ಟುಕೊ. ಹತ್ತು ವರ್ಷ ಒಂದೂ ತಪ್ಪದೆ ಕಟ್ಟಿದೆ. ಕಟ್ಟಿದ್ದು 34.39 ಲಕ್ಷ. ಆಗ ಬಾಕಿ ಎಷ್ಟು ಗೊತ್ತಾ? 34.91 ಲಕ್ಷ. ಎಷ್ಟೋ ಜನ ಇದೇ ಹತ್ತನೇ ವರ್ಷದಲ್ಲಿ ಮನೆ ಮಾರಿ ಬೇರೆ ಊರಿಗೆ ಹೋಗುತ್ತಾರೆ. ಮಾರಿದ ಹಣದಲ್ಲಿ ಮೊದಲ ಪಾಲು ಬ್ಯಾಂಕಿಗೆ ಹೋಗುವಾಗ ಅವರ ಮುಖ ನೋಡಬೇಕು. 20 ವರ್ಷಕ್ಕೆ ತೆಗೆದರೆ ಒಟ್ಟು 78.81 ಲಕ್ಷ. ತಿಂಗಳಿಗೆ 4,182 ಉಳಿಸಲಿಕ್ಕೆ ಹೋಗಿ 24.35 ಲಕ್ಷ ಜಾಸ್ತಿ ಕೊಡುವ ವ್ಯಾಪಾರ ಅದು.

ಎರಡನೆಯದು, ವಿಮೆ. ಸಾಲದ ಜೊತೆ ಒಂದು ವಿಮೆ ತೋರಿಸುತ್ತಾರೆ. ಕೈಯಿಂದ ಏನೂ ಕೊಡಬೇಡಿ, ಪ್ರೀಮಿಯಂ ಸಾಲಕ್ಕೇ ಸೇರಿಸುತ್ತೇವೆ ಅನ್ನುತ್ತಾರೆ. 1.2 ಲಕ್ಷದ ಪ್ರೀಮಿಯಂ 20 ವರ್ಷಕ್ಕೆ ಸೇರಿದರೆ ಅದು 2.36 ಲಕ್ಷ ಆಗುತ್ತದೆ. ಸಣ್ಣ ಮಕ್ಕಳಿದ್ದವರಿಗೆ ವಿಮೆ ಬೇಕು, ಖಂಡಿತ ಬೇಕು. ಆದರೆ ಹೊರಗೆ ಒಂದು ಟರ್ಮ್ ಪಾಲಿಸಿ ಮಾಡಿಸಿ ವರ್ಷ ವರ್ಷ ಕಟ್ಟಿ. ಸಾಲಕ್ಕೆ ಬ್ಯಾಂಕಿನ ವಿಮೆಯೇ ಆಗಬೇಕು ಅಂತ ಕಾನೂನು ಇಲ್ಲ. ಸಹಿ ಹಾಕುವ ಮೊದಲು ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಅಂತ ಒಂದು ಹಾಳೆ ಕೇಳಿ. 2024ರ ಅಕ್ಟೋಬರ್‌ನಿಂದ ಕೊಡಲೇಬೇಕು. ಪ್ರೊಸೆಸಿಂಗ್ ಶುಲ್ಕ, ವಿಮೆ ಎಲ್ಲ ಸೇರಿ ವರ್ಷಕ್ಕೆ ನಿಜವಾಗಿ ಎಷ್ಟು ಪರ್ಸೆಂಟ್ ಬೀಳುತ್ತದೆ ಅಂತ ಅದರಲ್ಲಿ ಇರುತ್ತದೆ. ಆ ಸಂಖ್ಯೆ 7.75 ಇರುವುದಿಲ್ಲ ನೋಡು.

ತೆರಿಗೆ ಉಳಿಯುತ್ತದೆ ಅಂದ ಮಾವನಿಗೆ ಹೇಳು, ಅದು ಹಳೇ ಪದ್ಧತಿಯವರಿಗೆ. ಅಲ್ಲೂ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ. ಹೊಸ ಪದ್ಧತಿಯಲ್ಲಿ ನೀವೇ ವಾಸ ಮಾಡುವ ಮನೆಯ ಬಡ್ಡಿಗೆ ಸೊನ್ನೆ.

ಮತ್ತೆ ನಿನ್ನ 16 ಲಕ್ಷ ಸಾಲದು. ಕರ್ನಾಟಕದಲ್ಲಿ 45 ಲಕ್ಷ ದಾಟಿದ ಆಸ್ತಿಗೆ ಸ್ಟ್ಯಾಂಪ್ ಡ್ಯೂಟಿ 5 ಪರ್ಸೆಂಟ್, ನಗರದಲ್ಲಿ ಸೆಸ್, ಸರ್‌ಚಾರ್ಜ್ ಸೇರಿ 5.6. ನೋಂದಣಿ ಶುಲ್ಕ 1 ಪರ್ಸೆಂಟ್ ಇದ್ದದ್ದು 2025ರ ಆಗಸ್ಟ್ 31ರಿಂದ 2 ಆಗಿದೆ. 55 ಲಕ್ಷಕ್ಕೆ 4.18 ಲಕ್ಷ. ಇದಕ್ಕೆ ಮನೆ ಸಾಲ ಸಿಗುವುದಿಲ್ಲ, ಕೈಯಿಂದಲೇ ಹಾಕಬೇಕು. ಸಾಲದ ಪತ್ರಕ್ಕೆ ಸ್ಟ್ಯಾಂಪು ಬೇರೆ, ವಕೀಲರ ಅಭಿಪ್ರಾಯಕ್ಕೆ ಬೇರೆ. ಕಂಪ್ಲೀಷನ್ ಆದ ಫ್ಲ್ಯಾಟ್ ಆದ್ದರಿಂದ ಜಿಎಸ್‌ಟಿ ಇಲ್ಲ, ಅದೊಂದು ಪುಣ್ಯ. ಕೊರತೆ ತುಂಬಲು ಪರ್ಸನಲ್ ಲೋನ್ ಮಾಡಬೇಡ. ಹಾಗೆ ಮಾಡಿ ಎರಡು ಕಡೆಯೂ ಒದ್ದಾಡಿದವರನ್ನು ನೋಡಿದ್ದೇನೆ.


ಸುರತ್ಕಲ್ ಲೋಕಲ್:

ಅಕ್ಕನ 619 ಓದಿ ನಾನೂ ನನ್ನ ಸ್ಟೇಟ್‌ಮೆಂಟ್ ತೆಗೆದು ನೋಡಿದೆ. ಎಷ್ಟಿತ್ತು ಅಂತ ಹೇಳುವುದಿಲ್ಲ.

ಆದರೆ ನನ್ನ ವಾದ ಪೂರ್ತಿ ಬಿಡುವುದಿಲ್ಲ. 30 ವರ್ಷಕ್ಕೆ ತೆಗೊಂಡು, 20 ವರ್ಷದ ಕಂತಿಗೆ ಬೇಕಾದ ಆ 4,182ನ್ನು ನೀವೇ ತಿಂಗಳು ತಿಂಗಳು ಅಸಲಿಗೆ ಹಾಕಿದರೆ ಎರಡೂ ಒಂದೇ ಅಲ್ವಾ? ಕೆಲಸ ಹೋದ ತಿಂಗಳು ಬರೀ 28,656 ಕಟ್ಟಬಹುದು. ಬದಲಾಗುವ ದರದ ಮನೆ ಸಾಲಕ್ಕೆ ಮೊದಲೇ ಕಟ್ಟಿದರೆ ದಂಡ ಹಾಕುವ ಹಾಗಿಲ್ಲ, 2012ರಿಂದಲೇ ಬ್ಯಾಂಕುಗಳಿಗೆ ಆ ನಿಯಮ ಉಂಟು.


ಸಂತೆಕಟ್ಟೆ ಮೆಡಿಕಲ್ ಅಕ್ಕ:

ಲೆಕ್ಕದಲ್ಲಿ ಒಂದೇ. ಬಿಪಿ ಮಾತ್ರೆ ತಿಂಗಳಿಡೀ ತಪ್ಪದೆ ತೆಗೊಳ್ಳುತ್ತೇನೆ ಅಂತ ಹೇಳಿ ಹೋದವರು, ಮೂರನೇ ತಿಂಗಳು ಅಂಗಡಿಗೆ ಬರುವುದೇ ಇಲ್ಲ. ದಿನಾ ನೋಡುತ್ತೇನೆ. ಆ 4,182 ಒಂದು ತಿಂಗಳು ಮದುವೆ ಉಡುಗೊರೆಗೆ ಹೋಗುತ್ತದೆ, ಇನ್ನೊಂದು ತಿಂಗಳು ಫ್ರಿಜ್ಜಿಗೆ. ತಾನಾಗಿ ಕಟ್ ಆಗುವ ವ್ಯವಸ್ಥೆ ಮಾಡಿಟ್ಟರೆ ಮಾತ್ರ ನಿಮ್ಮ ಉಪಾಯ ಸರಿ.


ಮೂರನೇ ಮಾಳಿಗೆ:

ಕಾವೂರು ಫ್ಲ್ಯಾಟ್ ಎಷ್ಟನೇ ಮಾಳಿಗೆ? ಮೇಲಿನದ್ದಾದರೆ ಜುಲೈಯಲ್ಲಿ ಒಮ್ಮೆ ಹೋಗಿ ನೋಡಿ, ಈಗ ಬೇಡ. ಈಗ ಎಲ್ಲ ಗೋಡೆಯೂ ಚಂದ. ನಮ್ಮದು ಮೂರನೆಯದು, ಮೇಲೆ ಬರೀ ಟೆರೇಸ್. ಎರಡನೇ ಮಳೆಗಾಲದಲ್ಲಿ ಮಲಗುವ ಕೋಣೆಯ ಮೂಲೆಯಲ್ಲಿ ಒಂದು ಕಪ್ಪು ಚುಕ್ಕೆ ಬಂತು. ಗಣೇಶ ಚೌತಿಗೆ ಅದು ಆಸ್ಟ್ರೇಲಿಯಾದ ನಕ್ಷೆಯಷ್ಟಾಗಿತ್ತು. ಕೊನೆಗೆ ಎಲ್ಲರೂ ಸೇರಿ ಟೆರೇಸಿಗೆ ಶೀಟ್ ಹಾಕಿಸಿದೆವು, ನಮ್ಮ ಪಾಲಿಗೆ 85,000. ಬಣ್ಣ, ಪಾಚಿ ತೊಳೆಸುವುದು, ತಿಂಗಳ ಮೇಂಟೆನೆನ್ಸ್, ಮನೆ ತೆರಿಗೆ ಬೇರೆ. ಬಾಡಿಗೆಯಲ್ಲಿದ್ದಾಗ ಓನರಿಗೆ ಫೋನ್ ಮಾಡಿ ಬೈದರೆ ಸಾಕಿತ್ತು.


ಕೊಟ್ಟಾರದ ಬಾಡಿಗೆದಾರ:

ಎಲ್ಲರಿಗೂ ಥ್ಯಾಂಕ್ಸ್. ನಿನ್ನೆ ರಾತ್ರಿ ಹೆಂಡತಿಯ ಜೊತೆ ಕೂತು ಇಡೀ ಓದಿದೆ. ಅವಳು ಒಂದೇ ಪ್ರಶ್ನೆ ಕೇಳಿದಳು, ಮೊದಲ ವರ್ಷವೇ ಒಂದು ಲಕ್ಷ ಜಾಸ್ತಿ ಕಟ್ಟಿದರೆ ಎಂತ ಆಗುತ್ತದೆ ಅಂತ. ನನಗೆ ಲೆಕ್ಕ ಬರಲಿಲ್ಲ. ಫ್ಲ್ಯಾಟ್ ಎರಡನೇ ಮಾಳಿಗೆ, ಮೇಲೆ ಇನ್ನೂ ಮೂರು ಉಂಟು.


ನಿವೃತ್ತ ಗುಮಾಸ್ತ, ಕುಂಜಿಬೆಟ್ಟು:

ಅವಳಿಗೇ ಲೆಕ್ಕ ಒಪ್ಪಿಸು, ಸರಿಯಾದ ಪ್ರಶ್ನೆ ಕೇಳಿದ್ದಾಳೆ. 20 ವರ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ 1 ಲಕ್ಷ ಹಾಕಿದರೆ ಕೊನೆಯ ಹನ್ನೆರಡು, ಹದಿಮೂರು ಕಂತು ಹಾರಿಹೋಗುತ್ತವೆ. ಅಂದರೆ ನಾಲ್ಕು ಲಕ್ಷದ ಮೇಲೆ. ಅದೇ 1 ಲಕ್ಷ ಹದಿನೈದನೇ ವರ್ಷದ ಕೊನೆಗೆ ಹಾಕಿದರೆ ನಾಲ್ಕೂವರೆ ಕಂತು ಕಡಿಮೆ ಆಗುತ್ತದೆ, ಅಷ್ಟೇ. ಪ್ರತಿ ವರ್ಷ ಒಂದು ಕಂತು ಹೆಚ್ಚಿಗೆ ಕಟ್ಟಿದರೆ 20 ವರ್ಷದ್ದು ಸುಮಾರು 17ಕ್ಕೆ ಮುಗಿಯುತ್ತದೆ. ಆದರೆ ಆರು ತಿಂಗಳ ಖರ್ಚು ಬೇರೆ ಇಟ್ಟುಕೊಂಡ ಮೇಲೆ ಹಾಕಿ. ಸಾಲಕ್ಕೆ ಹಾಕಿದ ಹಣ ಆಸ್ಪತ್ರೆಗೆ ಬೇಕು ಅಂದರೆ ಬ್ಯಾಂಕ್ ವಾಪಸ್ ಕೊಡುವುದಿಲ್ಲ.

ಮುಗಿದ ಮೇಲಿನದ್ದೂ ಹೇಳಿಬಿಡುತ್ತೇನೆ, ಆಗ ನಾನು ಇರುವುದಿಲ್ಲ. ಸಾಲ ತೀರಿದ 30 ದಿನದೊಳಗೆ ಮೂಲ ಪತ್ರ ವಾಪಸ್ ಕೊಡಬೇಕು. ಬ್ಯಾಂಕಿನಿಂದ ತಡವಾದರೆ ದಿನಕ್ಕೆ 5,000 ಪರಿಹಾರ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಬಿಡುಗಡೆ ಪತ್ರ ಮಾಡಿಸಿ, ಇಸಿ, ಅಂದರೆ ಆಸ್ತಿಯ ಮೇಲೆ ಋಣ ಉಂಟಾ ಅಂತ ತೋರಿಸುವ ಪತ್ರ, ತೆಗೆದು ನೋಡಿ. ಸಾಲ ತೀರಿ ಎಷ್ಟೋ ವರ್ಷವಾದರೂ ಇಸಿಯಲ್ಲಿ ಬ್ಯಾಂಕಿನ ಹೆಸರು ಹಾಗೇ ಕೂತಿರುವ ಮನೆಗಳು ಈ ಊರಲ್ಲೇ ಉಂಟು.


ಕೊಟ್ಟಾರದ ಬಾಡಿಗೆದಾರ:

20 ವರ್ಷ ಅಂತ ತೀರ್ಮಾನ ಮಾಡಿದೆವು. ಸ್ಟ್ಯಾಂಪ್ ಡ್ಯೂಟಿಗೆ ಕಡಿಮೆ ಬೀಳುವ ಹಣಕ್ಕೆ ಪರ್ಸನಲ್ ಲೋನ್ ಇಲ್ಲ. ಇನ್ನು ಎಂಟು ತಿಂಗಳು ಕೊಟ್ಟಾರದಲ್ಲೇ ಇದ್ದು, 32,838 ಕಂತು ಈಗಲೇ ಶುರುವಾಗಿದೆ ಅಂತ ಅಂದುಕೊಳ್ಳುವುದು. ಬಾಡಿಗೆ ಕಳೆದು ಉಳಿದ 18,838 ಪ್ರತಿ ತಿಂಗಳು ಆರ್‌ಡಿಗೆ. ಅದು ಕಷ್ಟ ಆದರೆ ಫ್ಲ್ಯಾಟೂ ಕಷ್ಟವೇ. ಅಷ್ಟರಲ್ಲಿ ಒಂದು ಮಳೆಗಾಲವೂ ಆಗುತ್ತದೆ. ಕಾವೂರಿನದ್ದು ಮಾರಿ ಹೋದರೆ ಹೋಗಲಿ. ಅಪ್ಪನಿಗೆ ಹೇಳಿದೆ, ಈಗ ಮಾತ್ರ ತಲೆ ಅಲ್ಲಾಡಿಸಿದರು. ಅಕ್ಕ, ನಿಮ್ಮ 2.9 ಎಂತ ಆಯಿತು?


ಸಂತೆಕಟ್ಟೆ ಮೆಡಿಕಲ್ ಅಕ್ಕ:

ನಿನ್ನೆ ಅಂಗಡಿಯಲ್ಲಿ ಹುಡುಗಿಯನ್ನು ಕೂರಿಸಿ ಹೋಗಿ ಬಂದೆ. ಹೊಸಬರಿಗೆ 2.5, ಐದು ವರ್ಷದಿಂದ ಒಂದೂ ತಪ್ಪದೆ ಕಟ್ಟಿದವಳಿಗೆ 2.9, ಇದು ಯಾವ ನ್ಯಾಯ ಅಂತ ಕೇಳಿದೆ. ಹೊಸ ಮ್ಯಾನೇಜರ್ ನಕ್ಕರು, 'ನೀವು ಕೇಳಲಿಲ್ಲ ಮೇಡಂ' ಅಂದರು. ಬೇರೆ ಬ್ಯಾಂಕಿಗೆ ವರ್ಗ ಮಾಡುತ್ತೇನೆ ಅಂದ ಮೇಲೆ ಅರ್ಜಿ ಫಾರಂ ಹೊರಗೆ ಬಂತು. ಶುಲ್ಕ 5,900, ಮುಂದಿನ ತಿಂಗಳಿನಿಂದ 7.75. ತಿಂಗಳಿಗೆ ಸುಮಾರು 760 ರೂಪಾಯಿ ಬಡ್ಡಿ ಕಡಿಮೆ, ಕೊನೆಗೆ ಮೂರು ಕಂತು ಉಳಿಯುತ್ತದೆ ಅಂತ ಅಣ್ಣನ ಮಗ ಹೇಳಿದ. ಸೀಲ್ ಹಾಕಿದ ಪ್ರತಿ ಪರ್ಸಿನಲ್ಲಿ ಉಂಟು. ಪಿಗ್ಮಿಯವನು ಬಂದ, ಮತ್ತೆ ಸಿಗುತ್ತೇನೆ.